‘ನಾಳೆ ಬಾ’: ಒಂದು ಪಹಣಿಯ ಕಥೆ

ದೆವ್ವ ಬಾರದಿರಲೆಂದು ನಮ್ಮ ಹಳ್ಳಿಗಳ ಬಾಗಿಲುಗಳ ಮೇಲೆ ‘ನಾಳೆ ಬಾ’ ಎಂದು ಬರೆಯುತ್ತಿದ್ದುದು ನಿಮಗೆ ನೆನಪಿರಬಹುದು. ಪಹಣಿಗಾಗಿ ಅಲೆದ ನಮ್ಮ ತಂದೆಯವರಿಗೂ ದೊರೆತದ್ದು ಅದೇ ಉತ್ತರ: ಲೆಕ್ಕಿಗರಿದ್ದ ದಿನ ದಫ್ತರವಿಲ್ಲ, ದಫ್ತರವಿದ್ದ ದಿನ ಲೆಕ್ಕಿಗರಿಲ್ಲ!

2000ದ ಸುಮಾರಿಗೆ ‘ಭೂಮಿ’ ಯೋಜನೆಯು ರಾಜ್ಯದ ಸುಮಾರು 2 ಕೋಟಿ ಪಹಣಿಗಳನ್ನು ಗಣಕಯಂತ್ರಕ್ಕೇರಿಸಿತು. ಆಗ ಕೋಲಾರ ಜಿಲ್ಲೆಯಲ್ಲಿದ್ದ ಚಿಕ್ಕಬಳ್ಳಾಪುರ, ಗೌರಿಬಿದನೂರು, ಚಿಂತಾಮಣಿ, ಶಿಡ್ಲಘಟ್ಟಗಳ ರೈತರಿಗೂ ತಾಲ್ಲೂಕು ಕಚೇರಿಯಲ್ಲಿಯೇ 15 ರೂಪಾಯಿಗೆ ಪ್ರತಿ ದೊರೆಯತೊಡಗಿತು. 2011ರ ಸಕಾಲ ಕಾಯ್ದೆಯು ವಿಳಂಬಕ್ಕೆ ಬೆಲೆಯನ್ನೇ ಕಟ್ಟಿತು: ಅರ್ಜಿದಾರನಿಗೆ ದಿನಕ್ಕೆ 20 ರೂಪಾಯಿ, ಗರಿಷ್ಠ 500; ಅದೂ ತಪ್ಪಿತಸ್ಥ ನೌಕರನ ಸಂಬಳದಿಂದ.

ಅಂದರೆ 25 ದಿನಗಳಿಗೆ ಪರಿಹಾರ ಮುಗಿಯಿತು. ನಮ್ಮ ತಂದೆಯವರು ಅಲೆದದ್ದು ಒಂದಿಡೀ ಬೇಸಿಗೆ! ಮೊತ್ತ ಅಲ್ಪ, ನಿಜ. ಆದರೂ ‘ನಾಳೆ ಬಾ’ ಎನ್ನಿಸಿಕೊಂಡವನು ದೆವ್ವವಲ್ಲ, ಪ್ರಜೆಯೆಂದು ಕಾನೂನು ಒಪ್ಪಿತಲ್ಲ!