ಪ್ರಹೇಲಿಕೆಯೂ ವ್ಯೋಮಯಾನವೂ

ಒಗಟಿನಿಂದ ಆಗುವ ಪ್ರಯೋಜನವೇನೆಂದು ಕೇಳುವವರಿಗೆ ಆಚಾರ್ಯ ದಂಡಿಯು ಕಾವ್ಯಾದರ್ಶದ ಮೂರನೆಯ ಪರಿಚ್ಛೇದದಲ್ಲಿ ಉತ್ತರವನ್ನು ಹೇಳಿರುವನು. ಆತನ ಮತದಲ್ಲಿ ಪ್ರಹೇಲಿಕೆಗೆ ಮೂರು ಉಪಯೋಗಗಳುಂಟು. ಗೆಳೆಯರ ಗೋಷ್ಠಿಯಲ್ಲಿ ವಿನೋದವೊಂದು. ಜನಸಂದಣಿಯ ನಡುವೆ ಬಲ್ಲವರೊಡನೆ ಗುಟ್ಟಾಗಿ ಮಾತನಾಡುವುದೊಂದು. ಪರರನ್ನು ವ್ಯಾಮೋಹಗೊಳಿಸುವುದು ಮತ್ತೊಂದು. ಕಾವ್ಯಾದರ್ಶವನ್ನು ಬಹುಮಟ್ಟಿಗೆ ಆಧಾರವಾಗಿಟ್ಟುಕೊಂಡು ಒಂಬತ್ತನೆಯ ಶತಮಾನದಲ್ಲಿ ಕವಿರಾಜಮಾರ್ಗವು ರಚಿತವಾದುದರಿಂದ ದಂಡಿಯ ಮಾತು ಕನ್ನಡಿಗರಿಗೆ ಹೊರಗಿನದಲ್ಲ. ಕನಕದಾಸರ ಮುಂಡಿಗೆಗಳನ್ನು ಕೇಳಿ ಬೆಳೆದ ಮನೆಗಳಲ್ಲಿ ಮೊದಲಿನ ಎರಡು ಪ್ರಯೋಜನಗಳನ್ನು ವಿವರಿಸಬೇಕಾದುದೂ ಇಲ್ಲ. ಮೂರನೆಯದು ಮಾತ್ರ ಸಂದೇಹಕ್ಕೆ ಎಡೆಗೊಡುತ್ತದೆ. ಓದುವವನನ್ನು ಮೋಸಗೊಳಿಸುವುದೂ ಸಾಹಿತ್ಯದ ಒಂದು ಕೆಲಸವಾಗಬಲ್ಲುದೆ?

ಈ ಮೂರು ಪ್ರಯೋಜನಗಳನ್ನೂ ಒಂದೇ ಆಯುಷ್ಯದಲ್ಲಿ, ಅದೂ ನಾಲ್ವತ್ತು ವರ್ಷಗಳ ಅಲ್ಪಾಯುಷ್ಯದಲ್ಲಿ, ಮಾಡಿ ತೋರಿಸಿದ ಲೇಖಕನೊಬ್ಬನು ಅಮೆರಿಕದಲ್ಲಿ ಆಗಿಹೋದನು. ಆತನೇ ಎಡ್ಗರ್ ಅಲನ್ ಪೋ. ೧೮೦೯ರಲ್ಲಿ ಬಾಸ್ಟನ್ ನಗರದಲ್ಲಿ ನಟನಟಿಯರ ಮಗನಾಗಿ ಹುಟ್ಟಿದ ಈತನು ಎಳವೆಯಲ್ಲಿಯೇ ಅನಾಥನಾಗಿ, ರಿಚ್‌ಮಂಡ್ ಪಟ್ಟಣದ ಅಲನ್ ಎಂಬ ವರ್ತಕನ ಮನೆಯಲ್ಲಿ ಬೆಳೆದನು. ಭಯಾನಕ ಕಥೆಗಳ ಕರ್ತೃವೆಂದು ಆತನ ಹೆಸರು ಇಂದಿಗೂ ಮನೆಮಾತಾಗಿದೆ. ಪತ್ತೇದಾರಿ ಕಥೆಗೆ ತಳಹದಿಯನ್ನು ಹಾಕಿದವನೂ, ವೈಜ್ಞಾನಿಕ ಕಥೆಯ ಮೂಲಪುರುಷರಲ್ಲಿ ಒಬ್ಬನೂ ಆತನೇ. ಈ ಬಗೆಬಗೆಯ ಬರಹಗಳು ಒಂದೇ ಬೇರಿನ ಕೊಂಬೆಗಳೆಂಬುದು ೧೮೪೪ರ ಏಪ್ರಿಲ್ ತಿಂಗಳಲ್ಲಿ ನಡೆದ ಒಂದು ಘಟನೆಯಿಂದ ಸ್ಪಷ್ಟವಾಗುತ್ತದೆ.

ಮೊದಲು ವಿನೋದದ ಮಾತು. ೧೮೩೯ರ ಡಿಸೆಂಬರದಲ್ಲಿ ಫಿಲಡೆಲ್ಫಿಯದ ‘ಅಲೆಗ್ಸಾಂಡರ್ಸ್ ವೀಕ್ಲಿ ಮೆಸೆಂಜರ್’ ಎಂಬ ವಾರಪತ್ರಿಕೆಯಲ್ಲಿ ಪೋ ವಾಚಕರಿಗೆ ಒಂದು ಪಂಥವನ್ನು ಒಡ್ಡಿದನು. ಒಂದೊಂದು ಅಕ್ಷರಕ್ಕೆ ಒಂದೊಂದು ಬೇರೆ ಚಿಹ್ನೆಯನ್ನು ಇಟ್ಟು ಯಾರು ಎಂತಹ ಗೂಢಲಿಪಿಯನ್ನು ಬರೆದು ಕಳುಹಿಸಿದರೂ ತಾನು ಅದನ್ನು ಓದಿಬಿಡುವೆನೆಂಬುದೇ ಆ ಪಂಥ. ಓಲೆಗಳು ಬಂದುವು, ಪೋ ಅವುಗಳನ್ನು ಬಿಡಿಸುತ್ತ ಹೋದನು. ಇವುಗಳಲ್ಲಿ ಒಂದು ಓಲೆಯು ಅರ್ಥವೇ ಇಲ್ಲದ ಬರಿಯ ಅಕ್ಷರರಾಶಿಯೆಂದೂ, ಅದನ್ನು ಕಳುಹಿಸಿದವನದು ವಂಚನೆಯೆಂದೂ ತಾನು ತೋರಿಸಿಕೊಟ್ಟುದಾಗಿ ಆತನು ಮುಂದೆ ೧೮೪೧ರ ಜುಲೈ ತಿಂಗಳ ‘ಗ್ರಹಾಮ್ಸ್ ಮ್ಯಾಗಜೀನ್’ ಪತ್ರಿಕೆಯಲ್ಲಿ ಹೇಳಿಕೊಂಡನು. ಈ ಸಂಗತಿಯು ಸಣ್ಣದಾದರೂ ನೆನಪಿನಲ್ಲಿಡತಕ್ಕದ್ದು. ಉತ್ತರವಿಲ್ಲದ ಒಗಟು ಒಗಟಲ್ಲ, ಮೋಸವೆಂಬ ನ್ಯಾಯವನ್ನು ಅಂದು ಹಿಡಿದವನು ಪೋ ತಾನೇ.

ಈ ವಿದ್ಯೆಯು ಕಥೆಯಾಗಿ ಪರಿಣಮಿಸಿದುದು ೧೮೪೩ರಲ್ಲಿ. ‘ದಿ ಗೋಲ್ಡ್ ಬಗ್’ ಎಂಬ ಕಥೆಗೆ ‘ಡಾಲರ್ ನ್ಯೂಸ್‌ಪೇಪರ್’ ಎಂಬ ಪತ್ರಿಕೆಯು ನೂರು ಡಾಲರುಗಳ ಬಹುಮಾನವನ್ನು ಕೊಟ್ಟಿತು. ಹೂತಿಟ್ಟ ನಿಧಿಯ ಜಾಡನ್ನು ಹೇಳುವ ಗೂಢಲಿಪಿಯೊಂದು ಅದರಲ್ಲಿ ಬರುತ್ತದೆ. ಇಂಗ್ಲಿಷಿನಲ್ಲಿ ‘ಇ’ ಎಂಬ ಅಕ್ಷರವು ಉಳಿದೆಲ್ಲವುಗಳಿಗಿಂತ ಹೆಚ್ಚು ಸಲ ಬರುವುದರಿಂದ, ಲಿಪಿಯಲ್ಲಿ ಪದೇ ಪದೇ ಕಾಣುವ ಚಿಹ್ನೆಯೇ ‘ಇ’ ಆಗಿರಬೇಕೆಂದು ಊಹಿಸಿ, ಅಲ್ಲಿಂದ ಕಥಾನಾಯಕನು ಹೆಜ್ಜೆಹೆಜ್ಜೆಯಾಗಿ ಮುಂದುವರಿಯುತ್ತಾನೆ. ಈ ಕಥೆ ನಡೆಯುವ ಸ್ಥಳವು ದಕ್ಷಿಣ ಕೆರೊಲಿನದ ಚಾರ್ಲ್‌ಸ್ಟನ್ ನಗರದ ಸಮೀಪದಲ್ಲಿರುವ ಸಲಿವನ್ಸ್ ಐಲೆಂಡ್ ಎಂಬ ದ್ವೀಪ. ಹದಿನೆಂಟರ ಹರೆಯದಲ್ಲಿ ಹೆಸರನ್ನು ಮರೆಸಿಕೊಂಡು ಸೈನ್ಯವನ್ನು ಸೇರಿದ್ದ ಪೋ ೧೮೨೭–೨೮ರಲ್ಲಿ ಆ ದ್ವೀಪದ ಕೋಟೆಯಲ್ಲಿ ಒಂದು ವರ್ಷದಷ್ಟು ಕಾಲ ಕಳೆದಿದ್ದನು. ಆ ದ್ವೀಪವು ಮತ್ತೊಮ್ಮೆ ಆತನ ಬರಹದಲ್ಲಿ ಬರುವುದು.

೧೮೪೪ರ ಏಪ್ರಿಲ್ ೬ರಂದು ಪೋ ತನ್ನ ಪತ್ನಿ ವರ್ಜೀನಿಯಳೊಡನೆ ನ್ಯೂಯಾರ್ಕ್ ನಗರಕ್ಕೆ ಬಂದು ಇಳಿದನು. ಆಕೆಗೆ ಆಗಲೇ ಕ್ಷಯರೋಗವು ತಗಲಿ ಎರಡು ವರ್ಷಗಳಾಗಿದ್ದುವು. ಮರುದಿನ ಅತ್ತೆಗೆ ಬರೆದ ಓಲೆಯಲ್ಲಿ ತಮ್ಮ ಬಳಿ ನಾಲ್ಕೂವರೆ ಡಾಲರುಗಳು ಮಾತ್ರ ಉಳಿದಿವೆಯೆಂದು ಆತನು ತಿಳಿಸಿದನು. ಒಂದು ವಾರ ಕಳೆಯಿತು. ಏಪ್ರಿಲ್ ೧೩ನೆಯ ಶನಿವಾರ ‘ದಿ ಸನ್’ ಎಂಬ ಪತ್ರಿಕೆಯಲ್ಲಿ ಜಗತ್ತನ್ನೇ ಬೆರಗುಗೊಳಿಸುವ ವಾರ್ತೆಯೊಂದು ಪ್ರಕಟವಾಯಿತು. ಅಟ್ಲಾಂಟಿಕ್ ಮಹಾಸಾಗರವನ್ನು ಮನುಷ್ಯರು ಆಕಾಶಮಾರ್ಗವಾಗಿ ದಾಟಿಬಿಟ್ಟರು! ಮಾಂಕ್ ಮೇಸನ್ ಎಂಬಾತನೂ ಆತನ ಜೊತೆಗಾರರೂ ಕೂಡಿ ಎಂಟು ಮಂದಿ ‘ವಿಕ್ಟೋರಿಯಾ’ ಎಂಬ ಬಲೂನಿನಲ್ಲಿ ಕುಳಿತು, ವೇಲ್ಸ್ ದೇಶದಿಂದ ಹೊರಟು, ೭೫ ಗಂಟೆಗಳಲ್ಲಿ ಚಾರ್ಲ್‌ಸ್ಟನ್ ಸಮೀಪದ ಸಲಿವನ್ಸ್ ಐಲೆಂಡಿನಲ್ಲಿ ಇಳಿದರೆಂದು ಆ ವಾರ್ತೆಯು ಸಾರಿತು. ಪ್ಯಾರಿಸ್ಸಿಗೆ ಹೋಗಬೇಕೆಂದು ಹೊರಟವರನ್ನು ಯಂತ್ರದ ಒಂದು ಕೆಡುಕಿನಿಂದ ಗಾಳಿಯು ಪಶ್ಚಿಮಕ್ಕೆ ಒಯ್ದಿತೆಂದೂ, ಆಗ ಅವರು ಧೈರ್ಯಗೊಂಡು ಸಾಗರವನ್ನೇ ದಾಟಲು ಮನಸ್ಸು ಮಾಡಿದರೆಂದೂ ಅದರಲ್ಲಿ ವಿವರವಿತ್ತು. ಬಲೂನಿನ ಅಳತೆ, ಅನಿಲದ ಪ್ರಮಾಣ, ಹೊತ್ತ ಭಾರ, ದಿನಚರಿಯ ಟಿಪ್ಪಣಿ, ಎಲ್ಲವೂ ಇದ್ದುವು. ಯಾತ್ರೆಯೊಂದೇ ಇರಲಿಲ್ಲ. ಇದನ್ನು ಬರೆದವನು ಪೋ.

ಈ ಸುಳ್ಳು ಗಾಳಿಯಲ್ಲಿ ಕಟ್ಟಿದುದಲ್ಲ. ಮಾಂಕ್ ಮೇಸನ್ ನಿಜವಾಗಿಯೂ ಇದ್ದವನು. ೧೮೩೬ರ ನವೆಂಬರ್ ೭ರಂದು ಚಾರ್ಲ್ಸ್ ಗ್ರೀನ್, ರಾಬರ್ಟ್ ಹಾಲಂಡ್ ಎಂಬವರೊಡನೆ ಆತನು ಲಂಡನ್ನಿನ ವಾಕ್ಸ್‌ಹಾಲ್ ಉದ್ಯಾನದಿಂದ ಬಲೂನಿನಲ್ಲಿ ಏರಿ, ಇರುಳೆಲ್ಲ ತೇಲಿ, ಸುಮಾರು ೧೮ ಗಂಟೆಗಳಲ್ಲಿ ೪೮೦ ಮೈಲಿಗಳಷ್ಟು ದೂರವನ್ನು ಕ್ರಮಿಸಿ, ಜರ್ಮನಿಯ ವೈಲ್ಬುರ್ಗ್ ಎಂಬ ಊರಿನ ಬಳಿ ಇಳಿದಿದ್ದನು. ಆ ಯಾತ್ರೆಯ ವೃತ್ತಾಂತವನ್ನು ಪುಸ್ತಕವಾಗಿಯೂ ಬರೆದಿದ್ದನು. ಪೋ ಬಲೂನಿನಲ್ಲಿ ಕುಳ್ಳಿರಿಸಿದ ಮತ್ತೊಬ್ಬನು ಹೆನ್ಸನ್; ಈತನು ಆವಿಯಿಂದ ನಡೆಯುವ ಆಕಾಶಶಕಟಕ್ಕೆ ಹಕ್ಕುಪತ್ರವನ್ನು ಪಡೆದಿದ್ದ ಇಂಜಿನಿಯರು. ಇನ್ನೊಬ್ಬನು ಆ ಕಾಲದ ಜನಪ್ರಿಯ ಕಾದಂಬರಿಕಾರನಾದ ಹ್ಯಾರಿಸನ್ ಐನ್ಸ್‌ವರ್ತ್. ಬಲೂನಿನಿಂದ ಇಳಿಬಿಡುವ ಹಗ್ಗದಿಂದ ಎತ್ತರವನ್ನು ಸಮನಾಗಿಡುವ ಉಪಾಯವೂ ಗ್ರೀನನು ಕಂಡುಹಿಡಿದುದೇ. ಹತ್ತು ನಿಜಗಳ ನಡುವೆ ಒಂದು ಹುಸಿಯನ್ನು ಇಟ್ಟುದರಿಂದ ಆ ಹುಸಿಗೂ ನಿಜದ ಬಣ್ಣವೇರಿತು. ಕೊನೆಗೆ ಇಳಿದಾಣವಾಗಿ ಪೋ ಆರಿಸಿದುದು ತಾನು ಕಾಲೂರಿ ನಡೆದಿದ್ದ ಮರಳಿನ ದಿಣ್ಣೆಯನ್ನೇ.

ಜನರು ಇದನ್ನು ನಂಬಿದುದಕ್ಕೆ ಮತ್ತೊಂದು ಕಾರಣವೂ ಉಂಟು. ಚಾರ್ಲ್‌ಸ್ಟನ್ನಿನ ಸುದ್ದಿಯು ನ್ಯೂಯಾರ್ಕಿಗೆ ಬರಬೇಕಾದರೆ ಅಂಚೆಯೇ ಗತಿಯಾಗಿದ್ದಿತು. ವಾಷಿಂಗ್ಟನ್ ಮತ್ತು ಬಾಲ್ಟಿಮೋರುಗಳ ನಡುವೆ ಮೋರ್ಸನ ತಂತಿಯು ಮಾತನಾಡಿದುದು ಅದೇ ವರ್ಷದ ಮೇ ೨೪ರಂದು, ಎಂದರೆ ಈ ವಾರ್ತೆ ಬಂದ ಆರು ವಾರಗಳಾಗುವ ಸುಮಾರಿಗೆ. ದಕ್ಷಿಣದ ಅಂಚೆ ಬರುವವರೆಗೆ ಇಲ್ಲವೆನ್ನುವವರು ಯಾರು? ಶನಿವಾರ ರಾತ್ರಿಯ ಅಂಚೆಯಲ್ಲಿ ಇದಕ್ಕೆ ಸಮರ್ಥನೆ ಬರಲಿಲ್ಲವೆಂದೂ, ಸುದ್ದಿಯು ತಪ್ಪಾಗಿರಬಹುದೆಂದೂ ಏಪ್ರಿಲ್ ೧೫ರಂದು ಪತ್ರಿಕೆಯೇ ಒಪ್ಪಿಕೊಂಡಿತು. ಬಲೂನಿನ ಆಯುಷ್ಯ ಎರಡು ದಿನಗಳಿಗೆ ಮುಗಿಯಿತು. ಶನಿವಾರದಂದು ಪತ್ರಿಕಾಲಯದ ಸುತ್ತಲೂ ಜನರು ಮುತ್ತಿಗೆ ಹಾಕಿದ್ದರೆಂದೂ, ದಿನವೆಲ್ಲ ಯತ್ನಿಸಿದರೂ ತನಗೊಂದು ಪ್ರತಿಯೂ ಸಿಗಲಿಲ್ಲವೆಂದೂ ಪೋ ಮುಂದಿನ ತಿಂಗಳಲ್ಲಿ ಪೆನ್ಸಿಲ್ವೇನಿಯದ ‘ಕೊಲಂಬಿಯಾ ಸ್ಪೈ’ ಪತ್ರಿಕೆಗೆ ಬರೆದನು. ತನ್ನ ಸುಳ್ಳನ್ನು ತಾನೇ ಬಣ್ಣಿಸುವವನ ಈ ಮಾತನ್ನೂ ಪೂರ್ತಿಯಾಗಿ ನಂಬಬೇಕಾದುದಿಲ್ಲ.

ಅದೇ ಪತ್ರಿಕೆಯೊಡನೆ ಪೋಗೆ ಒಂದು ಹಳೆಯ ಲೆಕ್ಕವೂ ಇದ್ದಿತು. ೧೮೩೫ರ ಜೂನ್ ತಿಂಗಳಲ್ಲಿ ಆತನು ಹಾನ್ಸ್ ಪ್ಫಾಲ್ ಎಂಬವನು ಬಲೂನಿನಲ್ಲಿ ಚಂದ್ರಲೋಕಕ್ಕೆ ಹೋದ ಕಥೆಯೊಂದನ್ನು ಪ್ರಕಟಿಸಿದ್ದನು. ಅದೇ ವರ್ಷದ ಆಗಸ್ಟ್ ಕೊನೆಯಲ್ಲಿ ‘ದಿ ಸನ್’ ಪತ್ರಿಕೆಯು, ಹರ್ಷೆಲ್ ಎಂಬ ಖಗೋಳಜ್ಞನು ದೂರದರ್ಶಕದಿಂದ ಚಂದ್ರನಲ್ಲಿ ಬಾವಲಿಯಂತೆ ರೆಕ್ಕೆಗಳುಳ್ಳ ಮನುಷ್ಯರನ್ನು ಕಂಡನೆಂದು ಲೇಖನಮಾಲೆಯನ್ನು ಹೊರಡಿಸಿತು. ಅದೂ ಕಟ್ಟುಕಥೆಯೇ; ಬರೆದವನು ರಿಚರ್ಡ್ ಆಡಮ್ಸ್ ಲಾಕ್. ಪೋನ ಕಥೆಯಲ್ಲಿ ಹಾಸ್ಯದ ಧ್ವನಿಯಿದ್ದುದರಿಂದ ಅದನ್ನು ಯಾರೂ ನಿಜವೆನ್ನಲಿಲ್ಲ. ಲಾಕನು ಗಂಭೀರವಾಗಿ ಬರೆದುದರಿಂದ ಊರಿಗೆ ಊರೇ ನಂಬಿತು. ನಗುವನ್ನು ಬಿಟ್ಟು ಅಂಕಿಗಳನ್ನು ಹಿಡಿಯಬೇಕೆಂಬ ಪಾಠವು ಒಂಬತ್ತು ವರ್ಷಗಳ ಮೇಲೆ ‘ವಿಕ್ಟೋರಿಯಾ’ ಬಲೂನಿನಲ್ಲಿ ಫಲಿಸಿತು.

ಭಯಾನಕ ಕಥೆಗಳಲ್ಲಿಯೂ ಆತನು ಬಳಸಿದುದು ಇದೇ ಉಪಾಯವನ್ನು. ೧೮೪೫ರ ಡಿಸೆಂಬರದಲ್ಲಿ ಪ್ರಕಟವಾದ ವಾಲ್ಡೆಮಾರನ ಕಥೆಯಲ್ಲಿ ಕ್ಷಯರೋಗಿಯೊಬ್ಬನನ್ನು ಸಾಯುವ ಗಳಿಗೆಯಲ್ಲಿ ಸಮ್ಮೋಹನನಿದ್ರೆಗೆ ಒಳಪಡಿಸಲಾಗುತ್ತದೆ. ಸತ್ತ ಮೇಲೆಯೂ ಆತನ ನಾಲಗೆಯು ನುಡಿಯುತ್ತದೆ. ದೆವ್ವವಿಲ್ಲ, ಮಸಣವಿಲ್ಲ, ವೈದ್ಯನ ವರದಿಯಂತೆ ಗಂಟೆ, ನಾಡಿ, ಶ್ವಾಸಗಳ ಲೆಕ್ಕವಿದೆ. ಅಟ್ಲಾಂಟಿಕ್ ದಾಟಿ ಲಂಡನ್ನಿಗೆ ಹೋದ ಈ ಕಥೆಯನ್ನು ಅಲ್ಲಿ ನಿಜವಾದ ಪ್ರಯೋಗದ ವೃತ್ತಾಂತವೆಂಬಂತೆ ಪುಟ್ಟ ಪುಸ್ತಕವಾಗಿ ಮಾರಿದರು. ಸ್ಕಾಟ್ಲೆಂಡಿನ ಓದುಗನೊಬ್ಬನು ಇದು ಸತ್ಯವೆ ಎಂದು ಪೋಗೆ ಓಲೆ ಬರೆದು ಕೇಳಿದನು. ಅದು ಹುಸಿಯೆಂದು ಪೋ ೧೮೪೬ರ ಡಿಸೆಂಬರ್ ಕೊನೆಯಲ್ಲಿ ಉತ್ತರವಿತ್ತನು. ಆ ಉತ್ತರವನ್ನು ಬರೆಯುವಾಗ ವರ್ಜೀನಿಯಳು ಅದೇ ಕ್ಷಯದಿಂದ ಕೊನೆಯ ಹಾಸಿಗೆಯಲ್ಲಿದ್ದಳು. ೧೮೪೭ರ ಜನವರಿ ೩೦ರಂದು ತೀರಿಕೊಂಡಳು. ಸಾವಿನ ಬಾಗಿಲನ್ನು ಮಾತಿನಿಂದ ಕ್ಷಣಕಾಲ ತಡೆಯಬಹುದೆಂದು ನಂಬಲು ಆತುರಪಡುವವರು ಲೋಕದಲ್ಲಿ ಎಷ್ಟು ಮಂದಿಯಿದ್ದಾರೆಂಬುದನ್ನು ಆ ಮನೆಯವನಿಗೆ ಬೇರೆ ಯಾರೂ ಹೇಳಬೇಕಾಗಿರಲಿಲ್ಲ. ಪೋ ಸಹ ೧೮೪೯ರ ಅಕ್ಟೋಬರ್ ೭ರಂದು ಬಾಲ್ಟಿಮೋರಿನಲ್ಲಿ ಮಡಿದನು. ಆ ವರ್ಷವೇ ಆತನು ಪ್ರಕಟಿಸಿದ ಕಥೆಯೊಂದರಲ್ಲಿ ೨೮೪೮ನೆಯ ಇಸವಿಯ ಜನರು ಬಲೂನಿನಲ್ಲಿ ಕುಳಿತು ಬೇಸರದಿಂದ ಹರಟುತ್ತಾರೆ.

ಮುಂದೆ ಈ ಕೊಂಬೆಗಳು ಬೇರೆ ಬೇರೆಯಾಗಿ ಬೆಳೆದುವು. ಬೊದಲೇರ್ ಕವಿಯ ಫ್ರೆಂಚ್ ಅನುವಾದದ ಮೂಲಕ ಪೋನ ಕಥೆಗಳು ಜೂಲ್ಸ್ ವೆರ್ನನನ್ನು ಮುಟ್ಟಿದುವು. ೧೮೬೩ರಲ್ಲಿ ಬಲೂನಿನ ಐದು ವಾರಗಳ ಕಾದಂಬರಿಯನ್ನು ಬರೆದ ವೆರ್ನನು ಮರುವರ್ಷವೇ ಪೋನನ್ನು ಕುರಿತು ದೀರ್ಘವಾದ ಲೇಖನವನ್ನು ಪ್ರಕಟಿಸಿದನು. ಅಲ್ಲಿ ಆತನ ಬಲೂನನ್ನೂ ಮರೆಯಲಿಲ್ಲ. ವೆರ್ನನ ಬಲೂನಿನ ಹೆಸರೂ ‘ವಿಕ್ಟೋರಿಯಾ’ ಎಂಬುದೇ ಆಗಿರುವುದು ಗಮನಾರ್ಹವು. ೧೯೨೬ರ ಏಪ್ರಿಲ್ ತಿಂಗಳಲ್ಲಿ ಹ್ಯೂಗೋ ಗರ್ನ್ಸ್‌ಬ್ಯಾಕ್ ವೈಜ್ಞಾನಿಕ ಕಥೆಗಳಿಗಾಗಿಯೇ ‘ಅಮೇಜಿಂಗ್ ಸ್ಟೋರೀಸ್’ ಮಾಸಪತ್ರಿಕೆಯನ್ನು ತೆಗೆದಾಗ, ಮೊದಲನೆಯ ಸಂಚಿಕೆಯಲ್ಲಿ ವೆರ್ನ್, ವೆಲ್ಸ್ ಇವರೊಡನೆ ಪೋನ ವಾಲ್ಡೆಮಾರನಿಗೂ ಸ್ಥಳವಿದ್ದಿತು.

ಒಗಟಿನ ಕೊಂಬೆಯೂ ಬಾಡಲಿಲ್ಲ. ೧೯೧೩ರ ಡಿಸೆಂಬರ್ ೨೧ರಂದು ಆರ್ಥರ್ ವಿನ್ ಎಂಬವನು ನ್ಯೂಯಾರ್ಕಿನದೇ ಆದ ‘ವರ್ಲ್ಡ್’ ಪತ್ರಿಕೆಯ ವಿನೋದಪುಟದಲ್ಲಿ ವಜ್ರಾಕಾರದ ಪದಬಂಧವೊಂದನ್ನು ಅಚ್ಚುಮಾಡಿದನು. ೧೯೨೪ರಲ್ಲಿ ಪದಬಂಧಗಳ ಮೊದಲ ಪುಸ್ತಕವು ಪೆನ್ಸಿಲ್ ಸಮೇತವಾಗಿ ಹೊರಬಂದು, ಆ ಹುಚ್ಚು ದೇಶದೇಶಗಳಿಗೆ ಹಬ್ಬಿತು. ವಿನೋದವು ಗುಟ್ಟಿನ ಕಾರ್ಯಕ್ಕೆ ಒದಗಿದುದನ್ನೂ ಇಪ್ಪತ್ತನೆಯ ಶತಮಾನವು ಕಂಡಿತು. ಬಾಲ್ಯದಲ್ಲಿ ‘ದಿ ಗೋಲ್ಡ್ ಬಗ್’ ಓದಿ ಗೂಢಲಿಪಿಗೆ ಮನಸೋತ ವಿಲಿಯಂ ಫ್ರೀಡ್‌ಮನ್ ಮುಂದೆ ಅಮೆರಿಕದ ಸೈನ್ಯದಲ್ಲಿ ಆ ವಿದ್ಯೆಯ ಅಧಿಪತಿಯಾದನು. ಆತನ ಅಧೀನದಲ್ಲಿದ್ದ ಮಂಡಲಿಯು ೧೯೪೦ರಲ್ಲಿ ಜಪಾನಿನ ರಾಜತಂತ್ರದ ಗೂಢಲಿಪಿಯನ್ನು ಭೇದಿಸಿತು. ೧೯೪೨ರ ಜನವರಿಯಲ್ಲಿ ಲಂಡನ್ನಿನ ‘ಡೈಲಿ ಟೆಲಿಗ್ರಾಫ್’ ಪತ್ರಿಕೆಯು ಹನ್ನೆರಡು ನಿಮಿಷಗಳಲ್ಲಿ ಪದಬಂಧವನ್ನು ಬಿಡಿಸುವ ಸ್ಪರ್ಧೆಯನ್ನು ನಡೆಸಿದ ಮೇಲೆ, ಅದರಲ್ಲಿ ಕುಳಿತವರಿಗೆ ಯುದ್ಧಕಾಲದ ಗುಪ್ತಕಾರ್ಯಕ್ಕೆ ಕರೆ ಬಂದಿತು.

ವ್ಯೋಮಯಾನವೂ ಹುಸಿಯಾಗಿ ಉಳಿಯಲಿಲ್ಲ. ೧೯೧೯ರ ಜುಲೈ ೨ರಂದು ಸ್ಕಾಟ್ಲೆಂಡಿನಿಂದ ಹೊರಟ ‘ಆರ್. ೩೪’ ಎಂಬ ಬ್ರಿಟಿಷ್ ಆಕಾಶನೌಕೆಯು ೧೦೮ ಗಂಟೆಗಳಲ್ಲಿ ನ್ಯೂಯಾರ್ಕಿನ ಸಮೀಪದಲ್ಲಿ ಇಳಿಯಿತು. ಪೋ ಹೇಳಿದ್ದಂತೆಯೇ ಪೂರ್ವದಿಂದ ಪಶ್ಚಿಮಕ್ಕೆ ಆಕಾಶಮಾರ್ಗವಾಗಿ ಅಟ್ಲಾಂಟಿಕ್ಕನ್ನು ದಾಟಿದುದು ಅದೇ ಮೊದಲು. ಯಂತ್ರವಿಲ್ಲದ ಬಲೂನು ಮನುಷ್ಯರನ್ನು ಹೊತ್ತು ಆ ಸಾಗರವನ್ನು ದಾಟಿದುದು ೧೯೭೮ರ ಆಗಸ್ಟ್ ತಿಂಗಳಲ್ಲಿ, ಪಶ್ಚಿಮದಿಂದ ಪೂರ್ವಕ್ಕೆ, ೧೩೭ ಗಂಟೆಗಳಲ್ಲಿ. ಅಚ್ಚಾದ ಸುದ್ದಿಯು ನಿಜವಾಗಲು ೧೩೪ ವರ್ಷಗಳು ಬೇಕಾದುವು.

ಇಂಗ್ಲಿಷ್ ಪದಬಂಧಗಳನ್ನು ಬಿಡಿಸುವವರಿಗೆ ಈ ಎರಡು ಕೊಂಬೆಗಳೂ ಒಂದೇ ಚೌಕದಲ್ಲಿ ಸೇರುವುದು ಹೊಸತಲ್ಲ. ಸ್ವರಾಕ್ಷರಗಳು ಹೆಚ್ಚಾಗಿರುವ ಚಿಕ್ಕ ಪದಗಳು ಅಲ್ಲಿ ಬಹಳ ಬೇಕಾಗುವುದರಿಂದ, ವಿಮಾನವು ತಲಪುವ ಅಂದಾಜು ವೇಳೆಯನ್ನು ಸೂಚಿಸುವ ‘ಇ. ಟಿ. ಎ.’, ಪ್ಯಾರಿಸ್ಸಿನ ವಿಮಾನನಿಲ್ದಾಣವಾದ ‘ಓರ್ಲಿ’ ಮೊದಲಾದುವು ಅಮೆರಿಕದ ಪದಬಂಧಗಳಲ್ಲಿ ಪದೇ ಪದೇ ಬರುತ್ತವೆ. ೨೦೦೩ರಲ್ಲಿ ಹಾರಾಟವನ್ನು ನಿಲ್ಲಿಸಿದ ಕಾಂಕಾರ್ಡ್ ವಿಮಾನವೂ ‘ಎಸ್. ಎಸ್. ಟಿ.’ ಎಂಬ ಮೂರಕ್ಷರಗಳಲ್ಲಿ ಅಲ್ಲಿ ಉಳಿದುಕೊಂಡಿದೆ. ಅವುಗಳ ಪಕ್ಕದಲ್ಲಿಯೇ, ಮೂರಕ್ಷರಗಳಲ್ಲಿ ಎರಡು ಸ್ವರಗಳುಳ್ಳ ಮತ್ತೊಂದು ಹೆಸರು ಕುಳಿತಿರುತ್ತದೆ: ‘ಪೋ’.

ದಂಡಿಯ ಮೂರನೆಯ ಪ್ರಯೋಜನದ ವಿಷಯದಲ್ಲಿ ಇಷ್ಟನ್ನು ಹೇಳಬಹುದು. ಒಗಟನ್ನು ಕೇಳುವವನು ತಾನು ಒಗಟನ್ನು ಕೇಳುತ್ತಿರುವೆನೆಂದು ಮೊದಲೇ ಒಪ್ಪಿಕೊಂಡಿರುತ್ತಾನೆ. ಅಲ್ಲಿ ಮೋಸಹೋಗುವುದೂ ಒಂದು ಸುಖ. ಭಯಾನಕ ಕಥೆಯನ್ನು ಕೈಗೆತ್ತಿಕೊಂಡವನೂ ಪುಸ್ತಕವನ್ನು ಮುಚ್ಚಿದ ಕೂಡಲೇ ತನ್ನ ದೀಪದ ಬೆಳಕಿಗೆ ಹಿಂದಿರುಗುತ್ತಾನೆ. ಏಪ್ರಿಲ್ ೧೩ರಂದು ಕಾಸು ಕೊಟ್ಟು ಪತ್ರಿಕೆಯನ್ನು ಕೊಂಡವನಿಗೆ ಅಂತಹ ಒಪ್ಪಂದವಿರಲಿಲ್ಲ. ಉತ್ತರವಿಲ್ಲದ ಗೂಢಲಿಪಿಯನ್ನು ವಂಚನೆಯೆಂದು ಜರೆದವನೇ, ನಾಲ್ಕೂವರೆ ಡಾಲರುಗಳೊಡನೆ ಪರಸ್ಥಳಕ್ಕೆ ಬಂದು, ರೋಗಿಯ ಹಾಸಿಗೆಯ ಬಳಿಯಲ್ಲಿ ಕುಳಿತಾಗ, ಅದೇ ಬಗೆಯ ಓಲೆಯನ್ನು ಒಂದು ನಗರಕ್ಕೆಲ್ಲ ಬರೆದನು. ಬಡತನವು ಅದನ್ನು ಅರ್ಥಮಾಡಿಸುವುದೇ ಹೊರತು ನ್ಯಾಯವೆನಿಸದು. ಕಾಲವು ಪೋಗೆ ದಯೆ ತೋರಿಸಿತು: ಕಥೆಯೆಂಬ ಹೆಸರನ್ನು ಹೊತ್ತ ಮೇಲೆ ಆ ಸುಳ್ಳು ಯಾರನ್ನೂ ನೋಯಿಸದ ವಿನೋದವಾಯಿತು. ಬರಹದ ಒಂದು ಅಕ್ಷರವೂ ಬದಲಾಗಲಿಲ್ಲ. ಓದುವವನಿಗೆ ಅದು ಏನೆಂದು ತಿಳಿಸಿದುದಷ್ಟೇ ಬದಲಾಯಿತು.