ಕಾಲ್ಚೆಂಡಾಟದ ಹಳೆಯ ಚಲಚ್ಚಿತ್ರಗಳ ಪ್ರಾಮಾಣ್ಯವಿಚಾರ

ಓಲೆಯ ಗ್ರಂಥವೊಂದು ಕೈಗೆ ಬಂದೊಡನೆ ನಾವು ಮೊದಲು ನೋಡುವುದು ಅದರ ಕಡೆಯ ಗರಿಯನ್ನು. ಲಿಪಿಕಾರನ ಹೆಸರೂ ಸಂವತ್ಸರ ತಿಥಿಗಳೂ ಅಲ್ಲಿದ್ದರೆ ಅರ್ಧ ಕೆಲಸವು ಮುಗಿದಂತೆ. ಇಲ್ಲದಿದ್ದರೆ ಲಿಪಿ, ಭಾಷೆ, ಒಳಗೆ ಬರುವ ಹೆಸರುಗಳು ಇವನ್ನು ಹಿಡಿದು ಕಾಲವನ್ನು ನಿರ್ಣಯಿಸಬೇಕು. ಇದೇ ನ್ಯಾಯವು ಚಲಚ್ಚಿತ್ರದ ಸುರುಳಿಗಳಿಗೂ ಸಲ್ಲುವುದೆಂಬುದನ್ನು ಇಂಗ್ಲೆಂಡಿನ ಒಂದು ಕಾಲ್ಚೆಂಡಾಟದ ಸಂಘದ ನಿದರ್ಶನದಿಂದ ತೋರಿಸಲು ಯತ್ನಿಸುವೆನು. ಇದು ಪಂಡಿತರಿಗೆ ತಕ್ಕ ವಿಷಯವಲ್ಲವೆಂದು ಕೆಲವರು ನಗಬಹುದು, ನಗಲಿ.

ಮ್ಯಾಂಚೆಸ್ಟರ್ ಯುನೈಟೆಡ್ ಎಂದು ಲೋಕವಿಖ್ಯಾತವಾದ ಸಂಘವು 1878ರಲ್ಲಿ ರೈಲ್ವೆ ಕೆಲಸಗಾರರಿಂದ ನ್ಯೂಟನ್ ಹೀತ್ ಎಂಬ ಹೆಸರಿನಲ್ಲಿ ಹುಟ್ಟಿ, 1902ರಲ್ಲಿ ಈಗಿನ ಹೆಸರನ್ನು ತಾಳಿತು. ಅದೇ ವರ್ಷದ ಡಿಸೆಂಬರ್ 6ರಂದು ಟರ್ಫ್ ಮೂರ್ ಮೈದಾನದಲ್ಲಿ ಬರ್ನ್‌ಲಿ ಸಂಘವನ್ನು ಅದು 2–0 ರಿಂದ ಸೋಲಿಸಿದ ಆಟವನ್ನು ಬ್ಲ್ಯಾಕ್‌ಬರ್ನಿನ ಮಿಚೆಲ್ ಮತ್ತು ಕೆನ್ಯನ್ ಎಂಬ ಪಾಲುದಾರರು ಚಿತ್ರಿಸಿದರು. ಆ ಸಂಘದ ಚಿತ್ರಗಳಲ್ಲಿ ಉಳಿದುಬಂದಿರುವ ಅತಿ ಪ್ರಾಚೀನವಾದುದು ಇದೆಂದು ಎಣಿಸಲ್ಪಟ್ಟಿದೆ. ಈ ಪಾಲುದಾರರ ಉದ್ದೇಶವು ಇತಿಹಾಸರಚನೆಯಲ್ಲ. ಊರಿನ ಜನರು ತಮ್ಮನ್ನು ತಾವೇ ತೆರೆಯ ಮೇಲೆ ನೋಡಲು ಕಾಸು ಕೊಟ್ಟು ಬರುವರೆಂಬ ವ್ಯಾಪಾರಬುದ್ಧಿ. ಆದುದರಿಂದಲೇ ಇವರ ಚಿತ್ರಗಳಲ್ಲಿ ಚೆಂಡಿಗೆಷ್ಟೋ ಅಷ್ಟೇ ಸ್ಥಾನವು ನೆರೆದ ಜನರ ಮುಖಗಳಿಗೂ ದೊರೆತಿದೆ. ನಮಗೆ ಆ ವ್ಯಾಪಾರಬುದ್ಧಿಯೇ ಉಪಕಾರವಾಯಿತು.

ಇವರ ಮೂಲ ಸುರುಳಿಗಳು ದೀರ್ಘಕಾಲ ಅಜ್ಞಾತವಾಗಿದ್ದು, 1994ರಲ್ಲಿ ಬ್ಲ್ಯಾಕ್‌ಬರ್ನಿನ ಅಂಗಡಿಯೊಂದರ ನೆಲಮಾಳಿಗೆಯಲ್ಲಿ ಲೋಹದ ಪೀಪಾಯಿಗಳೊಳಗೆ ಕೆಲಸಗಾರರ ಕಣ್ಣಿಗೆ ಬಿದ್ದುವು. ಎಂಟುನೂರಕ್ಕೆ ಮೇಲ್ಪಟ್ಟ ಸುರುಳಿಗಳು! ಬಹು ಬೇಗ ಹೊತ್ತಿಕೊಳ್ಳುವ ನೈಟ್ರೇಟ್ ಫಿಲ್ಮು ತೊಂಬತ್ತು ವರ್ಷ ಅಲ್ಲಿ ಉಳಿದುದೇ ಆಶ್ಚರ್ಯ. ಪೀಟರ್ ವರ್ಡನ್ ಎಂಬ ಸ್ಥಳೀಯ ಇತಿಹಾಸಾಸಕ್ತರು ಅವನ್ನು ಕಾಪಾಡಿದರು; ಬಳಿಕ ಅವು ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿಗೆ ಸೇರಿ ಜೀರ್ಣೋದ್ಧಾರವಾದುವು. ಷೆಫೀಲ್ಡ್ ವಿಶ್ವವಿದ್ಯಾನಿಲಯದ ವಿದ್ವಾಂಸರು ಅಂದಿನ ವೃತ್ತಪತ್ರಿಕೆಗಳೊಡನೆ ಹೋಲಿಸಿ ಕಾಲದೇಶಗಳನ್ನು ಗೊತ್ತುಮಾಡಿದರು. ಶಾಸನವನ್ನು ಓದುವವನ ಶ್ರಮಕ್ಕೂ ಇದಕ್ಕೂ ಏನು ಭೇದ? 2005ರಲ್ಲಿ ಬಿ.ಬಿ.ಸಿ.ಯು ಇವುಗಳನ್ನಾಧರಿಸಿ ಸಾಕ್ಷ್ಯಚಿತ್ರಮಾಲೆಯೊಂದನ್ನು ಪ್ರಸಾರಮಾಡಿತು.

ಈಗ ಪಾಠದೋಷಗಳ ವಿಚಾರ. ಮೂಕಚಿತ್ರಕ್ಕೆ ಜನರ ಕೂಗನ್ನು ಸೇರಿಸುವುದು ಸ್ಪಷ್ಟವಾಗಿ ಪ್ರಕ್ಷಿಪ್ತ. ಕೈಯಿಂದ ತಿರುಗಿಸಿ ತೆಗೆದ ಚಿತ್ರವನ್ನು ಇಂದಿನ ವೇಗದಲ್ಲಿ ಓಡಿಸಿದರೆ ಗಂಭೀರರಾದ ಆಟಗಾರರು ಬೊಂಬೆಗಳಂತೆ ಕುಣಿಯುವರು. ನಮ್ಮ ಹಿರಿಯರು ಹಾಗೆಯೇ ನಡೆಯುತ್ತಿದ್ದರೆಂದು ಮಕ್ಕಳು ನಂಬುವರು. ಅಗಲವಾದ ತೆರೆಗೆ ಹೊಂದಿಸಲು ಮೇಲುಕೆಳಗನ್ನು ಕತ್ತರಿಸುವುದು ಗರಿಯ ಅಂಚನ್ನು ಕೊಯ್ದಂತೆಯೇ. ಇವೆಲ್ಲಕ್ಕಿಂತ ದೊಡ್ಡ ದೋಷವು ತೇದಿಯನ್ನೂ ಸ್ಥಳವನ್ನೂ ಹೇಳದೆ ಎರಡು ಕ್ಷಣದ ತುಣುಕನ್ನು ‘ಹಳೆಯ ಕಾಲ’ವೆಂದು ತೋರಿಸಿಬಿಡುವುದು. ಕವಿಯ ಹೆಸರಿಲ್ಲದೆ ಪದ್ಯವನ್ನುದಾಹರಿಸುವ ವಿದ್ಯಾರ್ಥಿಯನ್ನು ನಾವು ಗದರಿಸುವುದಿಲ್ಲವೆ? ಮೇಲಾಗಿ ಮಿಚೆಲ್ ಮತ್ತು ಕೆನ್ಯನ್ನರೇ ಬೋಯರ್ ಯುದ್ಧದ ದೃಶ್ಯಗಳನ್ನು ತಮ್ಮ ಊರ ಬಳಿಯಲ್ಲಿ ನಟಿಸಿ ಚಿತ್ರಿಸಿದವರು. ಚಿತ್ರದಲ್ಲಿದ್ದುದೆಲ್ಲವೂ ಪ್ರತ್ಯಕ್ಷಪ್ರಮಾಣವೆನ್ನುವವರು ಇದನ್ನು ಯೋಚಿಸಬೇಕು.

ಇದೇ ಸಂಘವು 1958ರ ಫೆಬ್ರವರಿ 5ರಂದು ಬೆಲ್‌ಗ್ರೇಡಿನಲ್ಲಿ ರೆಡ್ ಸ್ಟಾರ್ ಸಂಘದೊಡನೆ 3–3 ಸಮಮಾಡಿಕೊಂಡಿತು. ಮರುದಿನ ಮ್ಯೂನಿಕ್ಕಿನ ವಿಮಾನಾಪಘಾತದಿಂದ 23 ಮಂದಿ ಮೃತರಾದರು; ಅವರಲ್ಲಿ ಎಂಟು ಜನ ಆಟಗಾರರು. ಆ ಆಟದ ಚಿತ್ರವನ್ನು ಸಾಕ್ಷ್ಯಚಿತ್ರಗಳು ಮರಣದ ಪೀಠಿಕೆಯಾಗಿಯೇ ಬಳಸುವುವು. ಚಿತ್ರವನ್ನು ತೆಗೆದವನಾದರೋ ಬರಿಯ ಆಟವನ್ನು ಕಂಡಿದ್ದನು. ವ್ಯಾಖ್ಯಾನವು ಮೂಲವನ್ನು ನುಂಗುವುದೆಂದರೆ ಇದೇ. ಆದರೂ ಇಲ್ಲಿ ನನಗೆ ದೂಷಿಸಲು ಮನಸ್ಸು ಬಾರದು.

1923ರ ಏಪ್ರಿಲ್ 28ರಂದು ವೆಂಬ್ಲಿಯಲ್ಲಿ ಬೋಲ್ಟನ್ ಮತ್ತು ವೆಸ್ಟ್ ಹ್ಯಾಮ್ ಸಂಘಗಳ ಅಂತಿಮ ಪಂದ್ಯಕ್ಕೆ ಮೈದಾನದೊಳಕ್ಕೆ ನುಗ್ಗಿದ ಜನಸ್ತೋಮವನ್ನು ಹಿಂದೂಡಿದ ಪೋಲೀಸಿನವನ ಕುದುರೆಯು ವಾರ್ತಾಚಿತ್ರದಲ್ಲಿ ಬೆಳ್ಳಗೆ ಕಂಡಿತು. ಆ ಪಂದ್ಯಕ್ಕೆ ‘ಬಿಳಿಯ ಕುದುರೆಯ ಪಂದ್ಯ’ವೆಂದೇ ಹೆಸರಾಯಿತು. ಬಿಲ್ಲಿ ಎಂಬ ಆ ಕುದುರೆಯ ಬಣ್ಣವು ಬೂದು. ವೆಂಬ್ಲಿಯ ಹೊಸ ಮೈದಾನದ ಬಳಿಯ ಕಾಲುಸೇತುವೆಗೂ ಈಗ ಬಿಳಿಯ ಕುದುರೆಯ ಹೆಸರನ್ನೇ ಇಟ್ಟಿದ್ದಾರೆ.