ಕಾಂಚನಬುರಿಯ ರೈಲು ಹಾದಿಯಲ್ಲಿ ಒಂದು ದಿನ

ಧರ್ಮಪುರಿಯಿಂದ ನಮ್ಮ ಹೊಸೂರಿಗೆ ಒಂದು ಕಾಲದಲ್ಲಿ ಕಿರುಹಳಿಯ ಪುಟ್ಟ ರೈಲೊಂದು ಬರುತ್ತಿತ್ತೆಂದು ನಮ್ಮ ಹಿರಿಯರು ಹೇಳುತ್ತಿದ್ದರು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಅದರ ಕಂಬಿಗಳನ್ನು ಕಿತ್ತುಹಾಕಲಾಯಿತು. ಯುದ್ಧಕ್ಕೆ ಸೈನಿಕರಷ್ಟೇ ಸಾಲದು, ಕಬ್ಬಿಣವೂ ಬೇಕು, ಕಂಬಿಯೂ ಬೇಕು, ಕಂಬಿ ಹಾಸುವ ಕೈಗಳೂ ಬೇಕು ಎಂಬುದನ್ನು ನಾನು ಬಾಲ್ಯದಲ್ಲಿ ಅರಿತದ್ದು ಆ ಮಾತಿನಿಂದ. ಅದೇ ಯುದ್ಧದಲ್ಲಿ ಥಾಯ್ಲೆಂಡಿನ ಕಾಡಿನೊಳಗೆ ಹಾಸಲಾದ ಮತ್ತೊಂದು ರೈಲು ಹಾದಿಯನ್ನು ನೋಡುವ ಅವಕಾಶ ಕಳೆದ ವರ್ಷ ಒದಗಿತು. ಇತಿಹಾಸವನ್ನು ಮೂವತ್ತು ವರ್ಷ ಬೋಧಿಸಿದ ನನಗೆ ಆ ಒಂದು ದಿನದ ಪ್ರವಾಸ ಕಲಿಸಿದ್ದನ್ನು ಸಂಘದ ಬಂಧುಗಳೊಡನೆ ಹಂಚಿಕೊಳ್ಳುವುದು ಈ ಲೇಖನದ ಉದ್ದೇಶ.

ಮಗನು ಉದ್ಯೋಗನಿಮಿತ್ತ ಬ್ಯಾಂಕಾಕಿನಲ್ಲಿದ್ದಾನೆ. ಅಲ್ಲಿಗೆ ಹೋಗಿದ್ದಾಗ ನನಗೂ ಎಂಟನೆಯ ತರಗತಿಯ ಮೊಮ್ಮಗನಿಗೂ ಮಾರ್ಗದರ್ಶಿಯ ಸಹಿತ ಒಂದು ದಿನದ ಪ್ರವಾಸವನ್ನು ಗೊತ್ತುಮಾಡಿದ. ಬೆಳಗಿನ ಆರು ಗಂಟೆಗೆ ವ್ಯಾನು ಹೊರಟಿತು. ಮಾರ್ಗದರ್ಶಿಯಾಗಿ ಬಂದ ಥಾಯ್ ಹೆಣ್ಣುಮಗಳು ಅಂದಿನ ಕಾರ್ಯಕ್ರಮದ ಪಟ್ಟಿಯನ್ನು ಕೈಗಿತ್ತಳು: ಯುದ್ಧಸ್ಮಶಾನ, ವಸ್ತುಸಂಗ್ರಹಾಲಯ, ಸೇತುವೆ, ರೈಲು ಪ್ರಯಾಣ, ಹೆಲ್‌ಫೈರ್ ಪಾಸ್. ಬ್ಯಾಂಕಾಕಿನ ಪಶ್ಚಿಮಕ್ಕೆ ಎರಡು ಗಂಟೆಗೂ ಮಿಕ್ಕ ದಾರಿ. ಊರಿನ ಹೆಸರು ಕಾಂಚನಬುರಿ, ಅಂದರೆ ನಮ್ಮ ಸಂಸ್ಕೃತದ ಕಾಂಚನಪುರಿಯೇ. ಹೆಸರಿನಲ್ಲಿ ಚಿನ್ನವಿರುವ ಆ ಊರು ಲೋಕದಲ್ಲಿ ಪ್ರಸಿದ್ಧವಾಗಿರುವುದು ಮಾತ್ರ ಸಾವಿನಿಂದ.

ಹಿನ್ನೆಲೆಯನ್ನು ಸಂಕ್ಷೇಪವಾಗಿ ಹೇಳುವುದು ಅಗತ್ಯ. 1942ರ ಫೆಬ್ರವರಿಯಲ್ಲಿ ಸಿಂಗಪುರ ಜಪಾನೀಯರ ವಶವಾಯಿತು, ಅದೇ ವರ್ಷ ಬರ್ಮಾವೂ ಅವರ ಕೈಸೇರಿತು. ಬರ್ಮಾದಲ್ಲಿದ್ದ ಸೈನ್ಯಕ್ಕೆ ದಿನಸಿ, ಮದ್ದುಗುಂಡು ಕಳುಹಿಸಲು ಮಲಕ್ಕಾ ಜಲಸಂಧಿಯನ್ನು ಬಳಸಿ ರಂಗೂನಿಗೆ ಹೋಗುವ ಕಡಲ ಹಾದಿಯೊಂದೇ ಇತ್ತು. ಆ ಹಾದಿಯಲ್ಲಿ ಮಿತ್ರರಾಷ್ಟ್ರಗಳ ಜಲಾಂತರ್ಗಾಮಿಗಳ ಭಯವಿತ್ತು. ಆದ್ದರಿಂದ ಥಾಯ್ಲೆಂಡಿನಿಂದ ಬರ್ಮಾಕ್ಕೆ ನೆಲದ ಮೇಲೆಯೇ ರೈಲು ಹಾದಿ ಹಾಕಲು ಜಪಾನ್ ನಿಶ್ಚಯಿಸಿತು. ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಬ್ರಿಟಿಷರೂ ಇಂಥ ಹಾದಿಯನ್ನು ಯೋಚಿಸಿ, ಬೆಟ್ಟ, ಕಾಡು, ರೋಗಗಳಿಗೆ ಅಂಜಿ ಕೈಬಿಟ್ಟಿದ್ದರು. ಥಾಯ್ಲೆಂಡಿನ ನೊಂಗ್ ಪ್ಲಾದುಕ್‌ನಿಂದ ಬರ್ಮಾದ ಥಾನ್‌ಬ್ಯೂಜಯಾತ್‌ವರೆಗೆ 415 ಕಿಲೋಮೀಟರ್ ಉದ್ದದ ಮೀಟರ್ ಗೇಜ್ ಹಾದಿಯನ್ನು ಎರಡೂ ತುದಿಗಳಿಂದ ಹಾಸುತ್ತ ಬಂದು, 1943ರ ಅಕ್ಟೋಬರ್ 17ರಂದು ನಡುವೆ ಕೂಡಿಸಲಾಯಿತು. ಕಂಬಿಗಳಿಗಾಗಿ ಮಲಯಾದ ಪೂರ್ವ ಭಾಗದ ರೈಲು ಹಾದಿಯನ್ನೇ ಕಿತ್ತು ತಂದರು.

ಇಷ್ಟು ಬೇಗ ಮುಗಿದ ಕೆಲಸಕ್ಕೆ ತೆತ್ತ ಬೆಲೆ ಅಪಾರ. ಸುಮಾರು 60,000 ಬ್ರಿಟಿಷ್, ಆಸ್ಟ್ರೇಲಿಯನ್, ಡಚ್ ಮತ್ತು ಅಮೆರಿಕನ್ ಯುದ್ಧಕೈದಿಗಳು ಅಲ್ಲಿ ದುಡಿದರು. ಅವರಲ್ಲಿ 12,000ಕ್ಕೂ ಹೆಚ್ಚು ಮಂದಿ ಮಡಿದರು. ಇವರಲ್ಲದೆ ಬರ್ಮೀಯರು, ಜಾವಾದವರು, ಮಲಯರು, ಚೀನೀಯರು ಮತ್ತು ಮಲಯಾದ ರಬ್ಬರು ತೋಟಗಳಲ್ಲಿದ್ದ ದಕ್ಷಿಣ ಭಾರತದವರು ಸೇರಿ ಎರಡು ಲಕ್ಷದಷ್ಟು ಏಷ್ಯಾದ ಕೂಲಿಕಾರರಿದ್ದರು. ಅವರಲ್ಲಿ ಸತ್ತವರು ಸುಮಾರು 90,000 ಎಂದು ಅಂದಾಜು. ಮೊದಲ ಲೆಕ್ಕಕ್ಕೆ ದಾಖಲೆಯಿದೆ, ಎರಡನೆಯದಕ್ಕೆ ಅಂದಾಜು ಮಾತ್ರವಿದೆ. ಈ ವ್ಯತ್ಯಾಸವೇ ಅಂದು ದಿನವಿಡೀ ನನ್ನನ್ನು ಹಿಂಬಾಲಿಸಿತು.

ಮೊದಲು ನೋಡಿದ್ದು ಯುದ್ಧಸ್ಮಶಾನ. ಸುಮಾರು 7,000 ಸಮಾಧಿಗಳು ಸಾಲುಸಾಲಾಗಿ, ಕತ್ತರಿಸಿದ ಹುಲ್ಲಿನ ನಡುವೆ, ಹೂಗಿಡಗಳ ಮಗ್ಗುಲಲ್ಲಿ ಇವೆ. ಪ್ರತಿಯೊಂದು ಫಲಕದ ಮೇಲೂ ಹೆಸರು, ಹುದ್ದೆ, ದಳ, ಮರಣದ ದಿನಾಂಕ. ವಯಸ್ಸನ್ನು ಓದುತ್ತ ಹೋದ ಮೊಮ್ಮಗ, “ತಾತ, ಇವರೆಲ್ಲ ಅಪ್ಪನಿಗಿಂತ ಚಿಕ್ಕವರು” ಎಂದ. ಪ್ರವೇಶದ್ವಾರದ ಕಟ್ಟಡದಲ್ಲಿ ಇನ್ನೊಂದು ಫಲಕವಿದೆ. ಥಾಯ್ಲೆಂಡಿನ ಮುಸ್ಲಿಂ ಸ್ಮಶಾನಗಳಲ್ಲಿ ಮಣ್ಣಾಗಿ, ಸಮಾಧಿಗಳನ್ನು ಕಾಪಾಡಲಾಗದೆ ಹೋದ ಅವಿಭಜಿತ ಭಾರತದ ಸೇನೆಯ 11 ಮಂದಿಯ ಹೆಸರುಗಳು ಅಲ್ಲಿವೆ. ಸಮಾಧಿ ಉಳಿಯದಿದ್ದರೂ ಹೆಸರು ಉಳಿಯಬೇಕೆಂಬ ಆ ಶ್ರದ್ಧೆಗೆ ನಾನು ಕೈಮುಗಿದೆ.

ಈ ಹೆಸರುಗಳು ಉಳಿದುಬಂದ ಬಗೆ ತಿಳಿಯತಕ್ಕದ್ದು. ಕೈದಿಗಳು ಸೈನಿಕರಾದ್ದರಿಂದ ಅವರಲ್ಲಿ ಶಿಸ್ತಿತ್ತು, ದಿನದಿನವೂ ಹಾಜರಿಯಿತ್ತು, ಅಧಿಕಾರಿಗಳಿದ್ದರು, ವೈದ್ಯರಿದ್ದರು. ಯಾರು, ಎಂದು, ಯಾವ ರೋಗದಿಂದ ಸತ್ತರು, ಎಲ್ಲಿ ಹೂಳಲಾಯಿತು ಎಂಬುದನ್ನು ಚೂರು ಕಾಗದಗಳಲ್ಲಿ ಗುಟ್ಟಾಗಿ ಬರೆದಿಟ್ಟರು. ಕಾವಲುಗಾರರ ಕಣ್ಣಿಗೆ ಬೀಳದಂತೆ ಕೆಲವನ್ನು ಸಮಾಧಿಗಳಲ್ಲೇ ಹೂತಿಟ್ಟರು. 1945ರಲ್ಲಿ ಯುದ್ಧ ಮುಗಿದೊಡನೆ ಶೋಧಕ ತಂಡವೊಂದು ಆ ಹಾದಿಯುದ್ದಕ್ಕೂ ಸಂಚರಿಸಿ 144 ಸ್ಮಶಾನಗಳಲ್ಲಿ 10,549 ಸಮಾಧಿಗಳನ್ನು ಗುರುತಿಸಿತು. ಹಾಜರಿ ಪುಸ್ತಕವು ಕೇವಲ ಕಚೇರಿಯ ಕಾಗದವಲ್ಲ, ಮನುಷ್ಯನ ಬಾಳಿಗೆ ಸಾಕ್ಷಿ ಎಂಬುದನ್ನು ಅರ್ಧ ಆಯುಸ್ಸು ಹಾಜರಿ ಕೂಗಿದ ನಾನು ಅಲ್ಲಿ ಹೊಸದಾಗಿ ಕಲಿತೆ.

ಸ್ಮಶಾನದ ಪಕ್ಕದ ವಸ್ತುಸಂಗ್ರಹಾಲಯವನ್ನು 2003ರಲ್ಲಿ ತೆರೆದವರು ಆಸ್ಟ್ರೇಲಿಯದ ರಾಡ್ ಬೀಟಿ. ಕೂಲಿಕಾರರ ಕಥೆ ನನಗೆ ಮೊದಲು ಎದುರಾದದ್ದು ಅಲ್ಲಿ. ಯುದ್ಧದಿಂದ ರಬ್ಬರಿನ ವ್ಯಾಪಾರ ನಿಂತು ತೋಟದ ಕೂಲಿಗಳು ಕೆಲಸವಿಲ್ಲದೆ ಹಸಿದಿದ್ದರು. ಒಳ್ಳೆಯ ಸಂಬಳ, ಕೆಲವೇ ತಿಂಗಳ ಕೆಲಸ ಎಂದು ಜಪಾನೀಯರು ಆಸೆ ತೋರಿಸಿದರು. ಸಾಕಷ್ಟು ಜನ ಬಾರದಿದ್ದಾಗ ಬಲಾತ್ಕಾರಕ್ಕಿಳಿದರು. ಪುಕ್ಕಟೆ ಸಿನಿಮಾ ತೋರಿಸುವೆವೆಂದು ಕರೆದು, ಬಾಗಿಲು ಹಾಕಿ, ನೇರವಾಗಿ ರೈಲಿಗೆ ತುಂಬಿದ್ದೂ ಉಂಟು. ಹೆಂಡತಿ ಮಕ್ಕಳೊಡನೆ ಹೋದವರೂ ಇದ್ದರು. 1943ರ ಮಳೆಗಾಲದಲ್ಲಿ ಕಾಲರಾ ಹಬ್ಬಿದಾಗ ಶಿಬಿರಗಳು ಇಡಿಯಾಗಿ ಬರಿದಾದವು. ಆ ವರ್ಷದ ನಡುವಿನಲ್ಲಿ ಕೈದಿಗಳೊಳಗಿನ ವೈದ್ಯರ ಎರಡು ತಂಡಗಳನ್ನು ಕೂಲಿಗಳ ಶಿಬಿರಗಳಿಗೆ ಕಳುಹಿಸಿದರು. ಆ ಹೊತ್ತಿಗೆ ಕಾಲ ಮೀರಿತ್ತು.

ನಮ್ಮ ಸೀಮೆಗೂ ಈ ಕಥೆಗೂ ನಂಟಿದೆ. ಹೊಸೂರು ಅಂದು ಸೇಲಂ ಜಿಲ್ಲೆಯ ಒಂದು ತಾಲ್ಲೂಕು. ಮಲಯಾದ ತೋಟಗಳಿಗೆ ಕಂಗಾಣಿಗಳು ಆಳುಗಳನ್ನು ಕೂಡಿಸುತ್ತಿದ್ದ ಜಿಲ್ಲೆಗಳಲ್ಲಿ ತಿರುಚಿರಾಪಳ್ಳಿ, ತಂಜಾವೂರು, ಆರ್ಕಾಟುಗಳೊಡನೆ ಸೇಲಂ ಕೂಡ ಒಂದು. ಮಲಯಾದಿಂದ ಈ ರೈಲು ಹಾದಿಗೆ ಹೋದ 70,000ಕ್ಕೂ ಹೆಚ್ಚು ಕೂಲಿಗಳಲ್ಲಿ ಬಹುಪಾಲು ತಮಿಳರು, ಅವರ ಜೊತೆಗೆ ತೆಲುಗರು, ಮಲಯಾಳಿಗಳು. ಭಾಷೆಗಳು ಬೆರೆತು ಬಾಳುವ ನಮ್ಮಂಥ ಗಡಿಸೀಮೆಯಿಂದ ಹೋದವರನ್ನು ಅಲ್ಲಿ ಯಾವ ಭಾಷೆಯ ಲೆಕ್ಕಕ್ಕೆ ಸೇರಿಸಿದರೋ!

ಅಲ್ಲಿಂದ ಸೇತುವೆಗೆ ಹೋದೆವು. ಪಿಯರ್ ಬೂಲ್ ಅವರ ಕಾದಂಬರಿ ಮತ್ತು ಅದನ್ನು ಆಧರಿಸಿದ 1957ರ ಚಲನಚಿತ್ರದಿಂದ ಅದು ಲೋಕಪ್ರಸಿದ್ಧವಾಯಿತು. ಚಿತ್ರವನ್ನು ತೆಗೆದದ್ದು ಶ್ರೀಲಂಕಾದಲ್ಲಿ. ಸೇತುವೆಯ ಕೆಳಗಿನ ನದಿಯ ಹೆಸರು ಆಗ ಮೇ ಕ್ಲೋಂಗ್. ಚಿತ್ರ ನೋಡಿದ ಪ್ರವಾಸಿಗರು ಕ್ವಾಯ್ ನದಿಯನ್ನು ಹುಡುಕಿಕೊಂಡು ಬರತೊಡಗಿದ ಮೇಲೆ ನದಿಗೇ ಕ್ವೇ ಯಾಯ್ ಎಂದು ಹೊಸ ಹೆಸರಿಟ್ಟರು! ಜಾವಾದಿಂದ ತಂದ ಉಕ್ಕಿನ ಕಮಾನುಗಳು ದುಂಡಗಿವೆ. ಬಾಂಬಿಗೆ ತುತ್ತಾದವುಗಳ ಬದಲಿಗೆ ಯುದ್ಧಾನಂತರ ಕೂಡಿಸಿದವು ಕೋನಾಕಾರವಾಗಿವೆ. ಯುದ್ಧದ ಗಾಯವೂ ಅದಕ್ಕೆ ಹಾಕಿದ ತೇಪೆಯೂ ಅಲ್ಲಿ ಕಣ್ಣಿಗೆ ಕಾಣುತ್ತವೆ. ಸಮೀಪದಲ್ಲಿ 1944ರಲ್ಲಿ ಜಪಾನೀ ಸೈನ್ಯವೇ ಕಟ್ಟಿಸಿದ ಸ್ಮಾರಕವೊಂದಿದೆ. ಅದರ ಮೇಲೆ ತಮಿಳೂ ಸೇರಿದಂತೆ ಹಲವು ಭಾಷೆಗಳ ಬರಹವಿದೆ. ದುಡಿಸಿ ಕೊಂದವರೇ ಮೊದಲ ಸ್ಮಾರಕ ಕಟ್ಟಿದರೆಂಬುದು ಇತಿಹಾಸದ ವೈಚಿತ್ರ್ಯ.

ಹಳೆಯ ಹಾದಿಯಲ್ಲಿ ಇಂದಿಗೂ ರೈಲು ಓಡುವುದು ನಾಮ್ ತೋಕ್ ನಿಲ್ದಾಣದವರೆಗೆ ಮಾತ್ರ. ಅಲ್ಲಿಂದ ಮುಂದಿನ ಕಂಬಿಗಳನ್ನು ಯುದ್ಧದ ನಂತರ ತೆಗೆದುಹಾಕಲಾಯಿತು. ನಾವೂ ಆ ರೈಲನ್ನೇರಿದೆವು. ಮರದ ಆಸನ, ತೆರೆದ ಕಿಟಕಿ, ಶಾಲೆಗೆ ಹೋಗುವ ಮಕ್ಕಳು, ತರಕಾರಿ ಬುಟ್ಟಿಯ ಹೆಂಗಸರು. ಥಾಮ್ ಕ್ರಾಸೇ ಎಂಬಲ್ಲಿ ಬಂಡೆಗೆ ಅಂಟಿಕೊಂಡು ನದಿಯ ಮೇಲೆ ಚಾಚಿದ ಮರದ ತೊಲೆಗಳ ಸೇತುವೆಯಿದೆ. ರೈಲು ಅಲ್ಲಿ ನಡಿಗೆಯ ವೇಗಕ್ಕಿಳಿಯಿತು, ತೊಲೆಗಳು ಕಿರುಗುಟ್ಟಿದವು. ಪ್ರವಾಸಿಗರೆಲ್ಲ ಫೋಟೋ ತೆಗೆಯಲು ಒಂದೇ ಬದಿಗೆ ನುಗ್ಗಿದರು. ನಾನೂ ನುಗ್ಗಿದೆನೆಂದು ಒಪ್ಪಿಕೊಳ್ಳಬೇಕು.

ಹೆಲ್‌ಫೈರ್ ಪಾಸ್ ಎಂಬುದು ಗುಡ್ಡವನ್ನು ಸೀಳಿ ತೆಗೆದ ಕಂದಕ. ಕೈದಿಗಳೂ ಕೂಲಿಗಳೂ ಸುತ್ತಿಗೆ, ಉಳಿಗಳಿಂದ ಬಂಡೆಗೆ ತೂತು ಕೊರೆದು, ಸಿಡಿಮದ್ದಿಟ್ಟು ಸಿಡಿಸಿ, ಕಲ್ಲನ್ನು ಕೈಯಲ್ಲೇ ಹೊತ್ತು ಹಾಕಿದರು. 1943ರಲ್ಲಿ ಬೇಗ ಮುಗಿಸಬೇಕೆಂಬ ಒತ್ತಡ ಹೆಚ್ಚಿದಾಗ ಹಗಲಿರುಳೂ ಕೆಲಸ ನಡೆಯಿತು. ಬೆಂಕಿಯ ಬೆಳಕಿನಲ್ಲಿ ಎಲುಬುಗೂಡಾದ ಮನುಷ್ಯರು ದುಡಿಯುವುದನ್ನು ಕಂಡು ಕೈದಿಗಳೇ ಅದಕ್ಕೆ ನರಕಾಗ್ನಿಯ ಹೆಸರಿಟ್ಟರು. ಉಳಿಯ ಗುರುತುಗಳು ಬಂಡೆಯಲ್ಲಿ ಇಂದಿಗೂ ಇವೆ. ಮೊಮ್ಮಗ ಒಂದು ತೂತಿನೊಳಗೆ ಬೆರಳಿಟ್ಟು ನೋಡಿ, ಬಹಳ ಹೊತ್ತು ಮಾತಾಡಲಿಲ್ಲ.

ಇಲ್ಲಿಗೆ ಅಂದಿನ ಕಾರ್ಯಕ್ರಮ ಮುಗಿಯಿತು. ಕೂಲಿಗಳಿಗಾಗಿಯೇ ಮೀಸಲಾದ ಒಂದು ತಾಣವೂ ಪಟ್ಟಿಯಲ್ಲಿರಲಿಲ್ಲ. ನಾನು ಸಂಕೋಚದಿಂದಲೇ ಮಾರ್ಗದರ್ಶಿಯನ್ನು ಕೇಳಿದೆ. ಹಿಂತಿರುಗುವಾಗ ಆಕೆ ಕಾಂಚನಬುರಿಯಲ್ಲಿ, ಯುದ್ಧಸ್ಮಶಾನದ ನೆರೆಯಲ್ಲೇ ಇರುವ ವಾತ್ ಥಾವೊರ್ನ್ ವರಾರಾಮ್ ಎಂಬ ಬೌದ್ಧ ದೇವಾಲಯದ ಬಳಿ ಹದಿನೈದು ನಿಮಿಷ ವ್ಯಾನು ನಿಲ್ಲಿಸಿದಳು. ಹೆಸರಿಲ್ಲದ ಸಾವಿರಾರು ಕೂಲಿಗಳ ಅವಶೇಷಗಳ ಮೇಲೆ ಅಲ್ಲಿ ಸ್ತೂಪವಿದೆ. ಅಲ್ಲೇ 2023ರಲ್ಲಿ ಮಲೇಷ್ಯಾ ಮತ್ತು ಥಾಯ್ಲೆಂಡಿನ ತಮಿಳು ಬಾಂಧವರ ಪ್ರಯತ್ನದಿಂದ ನಿಲ್ಲಿಸಿದ ನಡುಗಲ್ಲೂ ಇದೆ.

ನಡುಗಲ್ಲೆಂದರೆ ನಮ್ಮ ವೀರಗಲ್ಲೇ. ಹೊಸೂರು, ಕೃಷ್ಣಗಿರಿ, ಧರ್ಮಪುರಿಗಳ ಹೊಲದ ಬದುಗಳಲ್ಲಿ, ಕೆರೆಯ ಏರಿಗಳಲ್ಲಿ ಅಂಥ ಕಲ್ಲುಗಳನ್ನು ನೋಡುತ್ತ ಬೆಳೆದವರು ನಾವು. ತುರುಗಳನ್ನು ಕಾಯಲು, ಊರನ್ನು ಉಳಿಸಲು ಹೋರಾಡಿ ಮಡಿದವನಿಗೆ ಊರವರು ನಿಲ್ಲಿಸುತ್ತಿದ್ದ ಕಲ್ಲು ಅದು. ಆದರೆ ಈ ಜನ ಯಾವ ತುರುವನ್ನು ಕಾಯಲು ಹೋಗಿದ್ದರು? ಅನ್ನ ಹುಡುಕಿಕೊಂಡು ಹೋದವರು. ಅವರಿಗೂ ಆ ಕಲ್ಲಿನ ಗೌರವ ಸಲ್ಲಬೇಕೆಂದು ಬಗೆದವರ ಮನಸ್ಸು ದೊಡ್ಡದು.

ಆ ಕಲ್ಲಿನ ಮುಂದೆ ನಿಂತಾಗ ನನಗೊಂದು ಹಳೆಯ ತಪ್ಪು ನೆನಪಾಯಿತು. ನಾನು ದೇಂಕಣಿಕೋಟೆ ಕಡೆಯ ಹಳ್ಳಿಯ ಕನ್ನಡ ಶಾಲೆಯಲ್ಲಿ ಹೊಸದಾಗಿ ಸೇರಿದ ಕಾಲ. ಒಬ್ಬ ಮುದುಕಿ ಬಂದಳು. ಮನೆಯಲ್ಲಿ ತೆಲುಗು, ಸಂತೆಯಲ್ಲಿ ತಮಿಳು, ನನ್ನೊಡನೆ ಕನ್ನಡ ಆಡುವವಳು. ಕಂಗಾಣಿಯ ಹಿಂದೆ ಮಲಯಾಕ್ಕೆ ಹೋದ ಅಣ್ಣ ಯುದ್ಧ ಬಂದ ಮೇಲೆ ಕಾಗದ ಬರೆದಿಲ್ಲ, ಒಂದು ಕಾಗದ ಬರೆದುಕೊಡಿ ಎಂದಳು. ಯಾವ ತೋಟ ಎಂದು ಕೇಳಿದೆ. ಅವಳಿಗೆ ತಿಳಿಯದು. ವಿಳಾಸವಿಲ್ಲದೆ ಬರೆದು ಪ್ರಯೋಜನವಿಲ್ಲವೆಂದೆ. “ಹೋಗ್ಲಿ, ಹೆಸರಾದ್ರೂ ಬರ್ಕೊಳ್ಳಿ ಮೇಷ್ಟ್ರೇ” ಎಂದಳು. “ಬರ್ಕೊಂಡು ಏನ್ಮಾಡ್ಲಮ್ಮ?” ಎಂದು ನಕ್ಕು ಕಳುಹಿಸಿದೆ. ಅವಳು ಅಂದು ಹೇಳಿದ ಆ ಹೆಸರನ್ನು ನಡುಗಲ್ಲಿನ ಮುಂದೆ ನೆನಪಿಸಿಕೊಳ್ಳಲು ಎಷ್ಟು ಯತ್ನಿಸಿದರೂ ಆಗಲಿಲ್ಲ. ಆತ ರೈಲು ಹಾದಿಗೆ ಹೋದನೋ, ಮಲಯಾದಲ್ಲೇ ಬಾಳಿದನೋ ನಾನರಿಯೆ. ಹೆಸರೊಂದಿದ್ದಿದ್ದರೆ ಯಾರನ್ನಾದರೂ ಕೇಳಬಹುದಿತ್ತು.

ಊರಿಗೆ ಬಂದ ಮೇಲೆ ಆ ಹಳ್ಳಿಗೆ ಹೋಗಿದ್ದೆ. ಮುದುಕಿ ಎಂದೋ ತೀರಿಕೊಂಡಿದ್ದಳು. ಅವಳ ಮೊಮ್ಮಕ್ಕಳಿಗೆ ಅಜ್ಜಿಗೊಬ್ಬ ಅಣ್ಣನಿದ್ದನೆಂಬುದೇ ಗೊತ್ತಿರಲಿಲ್ಲ.

ಸಂಘದ ಬಂಧುಗಳಲ್ಲಿ ನನ್ನದೊಂದು ವಿನಂತಿ. ನಮ್ಮ ಮನೆಗಳಿಂದಲೂ ಮಲಯಾಕ್ಕೆ, ಕೋಲಾರದ ಚಿನ್ನದ ಗಣಿಗೆ, ಕಾಫಿ ತೋಟಗಳಿಗೆ, ಸೈನ್ಯಕ್ಕೆ ಹೋಗಿ ಹಿಂತಿರುಗದವರಿರಬಹುದು. ಹಿರಿಯರು ಇರುವಾಗಲೇ ಅವರನ್ನು ಕೇಳಿ ಹೆಸರು, ಊರು, ಹೋದ ವರ್ಷ, ಹೋದ ಕೆಲಸ ಇಷ್ಟನ್ನು ಬರೆದುಕೊಡಿ. ಹಾಜರಿ ಪುಸ್ತಕದಂತೆ ಗೆರೆ ಎಳೆದ ಉದ್ದನೆಯ ಪುಸ್ತಕವೊಂದನ್ನು ಸಮ್ಮೇಳನದ ದಿನ ಸಭಾಂಗಣದ ಬಾಗಿಲಲ್ಲಿ ಇಡುತ್ತೇನೆ. ಮೊದಲ ಸಾಲನ್ನು ನಾನೇ ತುಂಬಿದ್ದೇನೆ. ಹೋದ ಸ್ಥಳದ ಕಾಲಮ್ಮಿನಲ್ಲಿ ಮಲಯಾ ಎಂದಿದೆ, ಕೆಲಸದ ಕಾಲಮ್ಮಿನಲ್ಲಿ ರಬ್ಬರು ತೋಟ ಎಂದಿದೆ. ಹೆಸರಿನ ಕಾಲಮ್ಮು ಖಾಲಿಯಿದೆ. ಎರಡನೆಯ ಸಾಲಿನಿಂದ ಮುಂದೆ ಯಾವ ಹೆಸರಿನ ಜಾಗವೂ ಖಾಲಿ ಉಳಿಯದಿರಲಿ.